ಕಲ್ಲವಟ್ಟಿಯ ಹುಲಿಗಿವಿ ಬಹಾದ್ದೂರ

ಗೂಳಪ್ಪನಿಗೆ ಬಂದ ಕಷ್ಟಕ್ಕೆಲ್ಲ ಮೂಲ ವಾಡೆಯ ಅಂಗಳದಲ್ಲಿದ್ದ ಒಂದು ನಳ.

ಪುಣೆಯ ರವಿವಾರ ಪೇಠೆಯ ಆ ಹಳೆಯ ವಾಡೆಯಲ್ಲಿ ಕೋಣೆಗೊಂದು ಸಂಸಾರ ತುಂಬಿಕೊಂಡಿತ್ತು. ನಳ ಮಾತ್ರ ಒಂದೇ. ಮುನ್ಸಿಪಾಲಿಟಿಯವರು ಬೆಳಿಗ್ಗೆ ಒಂದಿಷ್ಟು, ಸಂಜೆ ಒಂದಿಷ್ಟು ನೀರು ಬಿಡುತ್ತಿದ್ದರು. ಮೊದಲು ಕೊಡ ಇಟ್ಟವರಿಗೆ ನೀರು, ಕೊನೆಗೆ ಇಟ್ಟವರಿಗೆ ಬರೀ ಗೊರಗೊರ ಸದ್ದು. ಕೆಲವು ವರ್ಷಗಳ ಹಿಂದೆ ಒಂದು ಬೆಳಿಗ್ಗೆ ಮಹಡಿಯ ಮೇಲಿನ ಮೆಣಸಿನಕಾಯಿ ವ್ಯಾಪಾರಿ ಸಿದ್ದಲಿಂಗಪ್ಪನ ಹೆಂಡತಿ ಕಾಶವ್ವ, ಗೂಳಪ್ಪನ ಹೆಂಡತಿ ನಾಗವ್ವನ ಕೊಡವನ್ನು ಕಾಲಿನಿಂದ ಆಚೆ ಸರಿಸಿದಳು. ನಾಗವ್ವ ಅಳುತ್ತ ಒಳಗೆ ಬಂದಳು.

ಗೂಳಪ್ಪ ಒಂದು ಅರಿವೆ ಅಂಗಡಿಯ ಗುಮಾಸ್ತ. ಹಲ್ಲಿ ಲೊಚಗುಟ್ಟಿದರೆ ಹಾಸಿಗೆ ಬಿಟ್ಟೇಳುವವನು, ಟಾಂಗಾದ ಕುದುರೆ ಸೀನಿದರೆ ರಸ್ತೆಯ ಆಚೆ ಬದಿಗೆ ಹೋಗುವವನು. ಅಂಗಡಿಯ ಬೆಕ್ಕು ಗಾದಿಯ ಮೇಲೆ ಮಲಗಿದ್ದರೆ ಅದು ತಾನಾಗಿ ಎದ್ದು ಹೋಗುವವರೆಗೂ ನಿಂತೇ ಲೆಕ್ಕ ಬರೆಯುತ್ತಿದ್ದ. ಆದರೆ ಅಂದು ಹೆಂಡತಿಯ ಕಣ್ಣೀರು ನೋಡಿ ಅವನಿಗೆ ಏನೋ ಆಯಿತು. ಬಾಗಿಲು ಭದ್ರವಾಗಿ ಹಾಕಿಕೊಂಡು, ಅಗಳಿ ಬಿದ್ದಿದೆಯೋ ಇಲ್ಲವೋ ಮತ್ತೊಮ್ಮೆ ನೋಡಿಕೊಂಡು, ಕಿಟಕಿಯಿಂದ ಕೂಗಿದ.

“ಯಾರ ಕೊಡಾ ಸರಿಸೀರಿ ಗೊತ್ತದ ಏನು? ಕಲ್ಲವಟ್ಟಿ ಹುಲಿಗಿವಿ ಬಹಾದ್ದೂರರ ರಕ್ತ ನಮ್ಮದು!”

ಈ ಮಾತು ಗಾಳಿಯಲ್ಲಿ ಹೋಗಿಬಿಡಬೇಕಿತ್ತು. ಆದರೆ ವಾಡೆಯ ಮುಂಭಾಗದಲ್ಲಿ ದಿಗಂಬರ ವಕೀಲರಿದ್ದರು. ಸೋಲಾಪುರದ ಕಡೆಯ ಮರಾಠಿಯವರು, ಕನ್ನಡ ಚೆನ್ನಾಗಿ ಬರುತ್ತಿತ್ತು, ಕಕ್ಷಿದಾರರು ಮಾತ್ರ ಬರುತ್ತಿರಲಿಲ್ಲ. ಹಳೆಯ ಮನೆತನಗಳ ಕತೆ ಎಂದರೆ ಊಟ ಬಿಟ್ಟು ಕೂಡುವ ಮನುಷ್ಯ. ಅವರು ಹಲ್ಲುಪುಡಿ ಹಚ್ಚಿದ ಬಾಯಲ್ಲೇ ಅಂಗಳಕ್ಕೆ ಓಡಿಬಂದು ಆ ಬಿರುದಿನ ಇತಿಹಾಸ ಸಾರಿಬಿಟ್ಟರು.

ವಿಜಾಪುರದ ಬಾದಶಹನೊಬ್ಬ ಕಲ್ಲವಟ್ಟಿಯ ಕಾಡಿಗೆ ಬೇಟೆಗೆ ಬಂದಿದ್ದನಂತೆ. ಹುಲಿ ಅವನ ಮೇಲೆ ಎರಗಿದಾಗ ಊರಿನ ದೇಸಾಯಿ ಬರಿಗೈಯಲ್ಲಿ ಅದರ ಕಿವಿ ಹಿಡಿದು ತಲೆಯನ್ನು ಆಚೆ ತಿರುಗಿಸಿದನಂತೆ. ಬಾದಶಹ ಮೆಚ್ಚಿ ವಂಶಪಾರಂಪರ್ಯದ ಬಿರುದು ಕೊಟ್ಟ, ಜಮೀನು ಕೊಟ್ಟ. ಇಂಗ್ಲಿಷರೂ ಅದನ್ನು ಒಪ್ಪಿ ಪುಣೆಯ ಗವರ್ನರ್ ದರಬಾರಿನಲ್ಲಿ ಒಂದು ಕುರ್ಚಿ ಹಾಕಿಸಿದರು. ಕೊನೆಯ ಬಹಾದ್ದೂರ ಚಿಕ್ಕ ವಯಸ್ಸಿನಲ್ಲೇ, ಮಕ್ಕಳಿಲ್ಲದೆ ತೀರಿಹೋದ. ಬಿರುದು ನಿಂತಿತು, ಕುರ್ಚಿ ಎತ್ತಿದರು. ಅವನ ವಿಧವೆ ಇನ್ನೂ ಇದ್ದಾಳೆ, ಅವಳ ನಂತರ ಜಮೀನೂ ಸರಕಾರಕ್ಕೆ.

“ಅಂಥಾ ಮನಿತನದಾಂವ ನಮ್ಮ ವಾಡೇದಾಗ!” ಎಂದು ವಕೀಲರು ಬಾಯಿ ಮುಕ್ಕಳಿಸಿದರು.

ಗೂಳಪ್ಪನ ಅಡ್ಡಹೆಸರು ಕಲ್ಲವಟ್ಟಿ ಎಂಬುದು ನಿಜ. ನಾವು ಆ ದೇಸಾಯರ ಕವಲು ಎಂದು ಅವನ ಅಪ್ಪ ಸಿಟ್ಟು ಬಂದಾಗಲೆಲ್ಲ ಹೇಳುತ್ತಿದ್ದುದೂ ನಿಜ. ಸಿಟ್ಟು ಇಳಿದಾಗ ಹೇಳುತ್ತಿರಲಿಲ್ಲ, ಅದಕ್ಕೇ ಗೂಳಪ್ಪನಿಗೂ ಖಾತ್ರಿ ಇರಲಿಲ್ಲ. ಆದರೆ ಸತ್ತ ಬಿರುದಿನಿಂದ ಯಾರಿಗೇನು ಅಪಾಯ? ಅಂದಿನಿಂದ ನಾಗವ್ವನ ಕೊಡ ನಳದ ಕೆಳಗೆ ಮೊದಲು. ಗೂಳಪ್ಪ ಕಟ್ಟೆಯ ಮೇಲೆ ಕೂತು ಹುಲಿಯ ಕತೆ ಹೇಳುವನು, ವರ್ಷ ಹೋದಂತೆ ಹುಲಿ ಒಂದೊಂದು ಗೇಣು ಬೆಳೆಯಿತು. ಸಿದ್ದಲಿಂಗಪ್ಪ ಮೀಸೆ ತಿರುವುತ್ತ, ಹಲ್ಲು ಕಡಿಯುತ್ತ ಕೇಳುವನು.

ಒಂದು ರವಿವಾರ ಬೆಳಿಗ್ಗೆ ವಾಡೆಯ ಮುಂದೆ ಟಾಂಗಾ ನಿಂತಿತು. ದಿಗಂಬರ ವಕೀಲರು ಮೊದಲು ಇಳಿದರು. ಅವರ ಹಿಂದೆ ಬಿಳಿ ಸೀರೆಯ, ಹಣೆಯ ತುಂಬ ವಿಭೂತಿಯ, ನೆಟ್ಟಗೆ ನಿಂತ ಮುದುಕಿಯೊಬ್ಬಳು ಇಳಿದಳು.

“ಗೂಳಪ್ಪಾ, ಹೊರಗ ಬರ್ರಿ! ಯಾರ್ನ ಕರಕೊಂಡು ಬಂದೇನಿ ನೋಡ್ರಿ! ಸರದಾರರ ಕೆಲಸಾ ನೋಡೋ ಸಾಹೇಬರ ಕಚೇರಿ ಕಟ್ಟಿಮ್ಯಾಲೆ ನಿನ್ನೆ ಭೆಟ್ಟಿ ಆದ್ರು. ಕಲ್ಲವಟ್ಟಿ ಸಾವಂತ್ರವ್ವ ದೇಸಾಯರು! ಕಡೇ ಬಹಾದ್ದೂರರ ಹೆಂಡತಿ. ನಿಮ್ಮ ರಕ್ತದಾಂವ ನಮ್ಮ ವಾಡೇದಾಗ ಇದ್ದಾನ ಅಂದೆ, ನಡೀ ಅಂದ್ರು!”

ಗೂಳಪ್ಪನ ಕೈಯಲ್ಲಿದ್ದ ಅವಲಕ್ಕಿ ತಟ್ಟೆ ತಾನಾಗಿ ನಡುಗತೊಡಗಿತು. ಸಾವಂತ್ರವ್ವ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ನಡುಗುವ ತಟ್ಟೆಯ ಮೇಲೆ ಅವಳ ಕಣ್ಣು ತುಸು ಹೆಚ್ಚು ಹೊತ್ತು ನಿಂತಿತು, ಮುಖದಲ್ಲಿ ಸಣ್ಣ ನಗೆ ಮೂಡಿದಂತಾಯಿತು.

“ನನಗ ಒಬ್ಬ ಮಗಾ ಬೇಕಾಗ್ಯಾನ,” ಅಂದಳು. “ಬಿರುದು ಹೊತಗೊಂಡು, ಜಮೀನು ನೋಡಕೊಂಡು ಇರಾಂವ.”

“ದತ್ತಕ!” ವಕೀಲರು ವಾಡೆಗೆಲ್ಲ ಕೇಳುವಂತೆ ಹೇಳಿದರು. “ನಮ್ಮ ಮುಂಬೈ ಇಲಾಖೆದಾಗ ದತ್ತಕ ಹೋಗಾಕ ವಯಸ್ಸಿನ ಅಡ್ಡಿ ಇಲ್ಲ. ಮೀಸಿ ಬೆಳ್ಳಗಾದಾಂವನೂ ಹೋಗಬಹುದು. ರಕ್ತಸಂಬಂಧ ಇದ್ದರ ಛಲೋ, ಇಲ್ಲದಿದ್ರೂ ನಡೀತದ.”

“ಆದರ ಒಂದು ಪದ್ಧತಿ ಅದ,” ಅಂದಳು ಸಾವಂತ್ರವ್ವ. “ನಮ್ಮ ಮನಿತನದಾಗ ಬಿರುದು ತಗೊಳ್ಳೋ ಮಗನ್ನ ಜೀವಂತ ಹುಲಿ ಮುಂದ ನಿಲ್ಲಸ್ತೀವಿ. ಸರ್ಕಸ್ ಬಂದ ಊರಿಗೆಲ್ಲ ಹೋಗೇನಿ, ಭಾಳ ಮಂದಿನ್ನ ನಿಲ್ಲಿಸಿ ನೋಡೇನಿ. ಒಬ್ಬಾಂವೂ ಹೊಂದಲಿಲ್ಲ.”

“ಅಂದರ ಕಿವಿ ಹಿಡಿಯೋದು!” ಎಂದರು ವಕೀಲರು. ಸಾವಂತ್ರವ್ವ ಹೌದೆನ್ನಲಿಲ್ಲ, ಅಲ್ಲವೆನ್ನಲಿಲ್ಲ.

ಗೂಳಪ್ಪ ತಟ್ಟೆಯನ್ನು ಎದೆಗೆ ಅವುಚಿಕೊಂಡು ಒಂದು ಹೆಜ್ಜೆ ಹಿಂದೆ ಸರಿದ. ಮಹಡಿಯ ಮೇಲಿಂದ ಸಿದ್ದಲಿಂಗಪ್ಪ ಮಾತ್ರ ಹಬ್ಬ ಬಂದವನಂತೆ ಧಡಧಡ ಇಳಿದುಬಂದ.

“ಸರ್ಕಸ್ ಹೊಳಿ ದಂಡಿಮ್ಯಾಲೆ ಬಂದು ಕೂತದಲ್ರಿ! ಮೂರು ಹೊತ್ತು ಹುಲಿ ಒದರೋದು ನಮ್ಮ ಅಂಗಡಿಗೆ ಕೇಳಸ್ತದ. ಇವತ್ತ ಸಂಜಿ ಆಟಕ್ಕ ಮೊದಲ ಮುಗಿಸಿಬಿಡೋಣು. ಏನಂತೀರಿ, ಬಹಾದ್ದೂರ್ರ?”

ವಾಡೆಯ ಮಂದಿ ಎಲ್ಲ ಗೂಳಪ್ಪನ ಬಾಯಿ ನೋಡಿದರು. ಸಾವಂತ್ರವ್ವ ಅವನ ಹತ್ತಿರ ಬಂದು ಮೆಲ್ಲಗೆ ಕೇಳಿದಳು.

“ಅಂಜಿಕಿ ಬರ್ತದೇನಪ್ಪಾ?”

ಹೌದು ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಬಾಗಿಲಲ್ಲಿ ನಿಂತ ನಾಗವ್ವ ಕಂಡಳು, ಅವಳ ಹಿಂದೆ ಕಾಶವ್ವ ಕಂಡಳು, ಅವರಿಬ್ಬರ ನಡುವೆ ನಳ ಕಂಡಿತು.

“ಅಂಜಿಕಿ?” ಗೂಳಪ್ಪ ನಕ್ಕ. ನಗು ಕೆಮ್ಮಿನಂತೆ ಬಂತು. “ನಮ್ಮ ರಕ್ತದಾಗ ಇಲ್ಲದ ಮಾತ್ರಿ ಅದು.”

ಮುದುಕಿಯ ಮುಖ ಸಪ್ಪಗಾಯಿತು. ಬಡಾಯಿ ಸಾಲದಾಯಿತೇನೋ ಎಂದು ಗೂಳಪ್ಪ ಇನ್ನೊಂದು ಸೇರಿಸಿದ. “ಎರಡು ಹುಲಿ ಇದ್ದರ ಎರಡೂ ತರಸ್ರಿ, ಅವ್ವಾರ!” ಮುದುಕಿಯ ಮುಖ ಇನ್ನೂ ಸಪ್ಪಗಾಯಿತು.

ಗೂಳಪ್ಪ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡ. ಗೋಡೆಗೊರಗಿ ಕೂತ. ಬಲಗೈಯನ್ನು ಮುಖದ ಮುಂದೆ ಹಿಡಿದು ನೋಡಿದ. ಲೆಕ್ಕ ಬರೆಯುವ ಕೈ, ರೊಟ್ಟಿ ಮುರಿಯುವ ಕೈ. ನಾಳೆ ಇದು ಎಲ್ಲಿರುತ್ತದೋ ಎಂದು ನೆನೆದು ಕಣ್ಣಲ್ಲಿ ನೀರು ಬಂತು.

ಹೊಟ್ಟೆ ನೋವೆಂದು ಹಾಸಿಗೆ ಹಿಡಿದ. ಮರುಗಳಿಗೆಯಲ್ಲಿ ವಾಡೆಯ ಹೆಂಗಸರೆಲ್ಲ ತಮ್ಮ ತಮ್ಮ ಕಷಾಯ ತಂದರು. ಒಬ್ಬಳು ಓಮಿನ ನೀರು ಕುಡಿಸಿದಳು, ಒಬ್ಬಳು ಹಿಂಗು ಕುಡಿಸಿದಳು. ಕಾಶವ್ವ ತಂದದ್ದು ಏನೆಂದು ಯಾರಿಗೂ ತಿಳಿಯಲಿಲ್ಲ, ಅದನ್ನು ಕುಡಿದ ಮೇಲೆ ಹೊಟ್ಟೆ ನಿಜವಾಗಿಯೂ ನೋಯತೊಡಗಿತು. ಅದೇ ನೆವದಲ್ಲಿ ಹಿತ್ತಲಿಗೆ ಹೋದವನು ಹಿಂಬಾಗಿಲಿನಿಂದ ಜಾರಿದ. ಸ್ಟೇಶನ್ನಿಗೆ ಹೋಗಿ ದೌಂಡದ ಗಾಡಿ ಹತ್ತುವುದು, ಸರ್ಕಸ್ಸು ಊರು ಬಿಡುವವರೆಗೆ ಅಲ್ಲಿನ ಸೋದರಮಾವನ ಮನೆಯಲ್ಲಿ ಅಡಗುವುದು ಎಂದು ಯೋಚನೆ. ಗಲ್ಲಿಯ ತಿರುವಿನಲ್ಲಿ ಸಿದ್ದಲಿಂಗಪ್ಪ ಬೀಡಿ ಸೇದುತ್ತ ನಿಂತಿದ್ದ.

“ಎಲ್ಲಿಗೆ ಹೊಂಟ್ರಿ, ಬಹಾದ್ದೂರ್ರ?”

“ಹಿಂಗ ಸುಮ್ಮನ... ಗಾಳಿಗೆ.”

“ಗಾಳಿ ಹೊಳಿ ದಂಡಿಮ್ಯಾಲೆ ಛಲೋ ಇರ್ತದ. ಎಲ್ಲಾರೂ ಕೂಡಿ ಹೋಗೋಣು ಬರ್ರಿ,” ಎಂದು ಅವನು ಗೂಳಪ್ಪನ ಹೆಗಲ ಮೇಲೆ ಕೈ ಹಾಕಿ, ತಪ್ಪಿಸಿಕೊಂಡ ಎಮ್ಮೆಯನ್ನು ಕೊಟ್ಟಿಗೆಗೆ ಹೊಡೆದಂತೆ ವಾಡೆಗೆ ಹೊಡೆದುಕೊಂಡು ಬಂದ.

ನಾಗವ್ವ ಲಗ್ನದ ದಡಿಧೋತರ ತೆಗೆದಿಟ್ಟಿದ್ದಳು. ಅಂಚು ನೆಲ ಗುಡಿಸುವಷ್ಟು ಉದ್ದ ಬಿಟ್ಟು ಉಡಿಸಿದಳು, ದೇಸಾಯರು ಹಾಗೇ ಉಡುತ್ತಾರಂತೆ. ರುಮಾಲು ಸುತ್ತುವಾಗ ಗೂಳಪ್ಪ ತಡೆಯಲಾರದೆ ಹೇಳಿಬಿಟ್ಟ.

“ನಾಗಿ, ನನಗ ಭಾಳ ಅಂಜಿಕಿ ಆಗೇದ.”

“ಅಂಜಬುರುಕನ ಹೆಂಡತಿ ಆದೆ ಅಂತ ನನಗ ಲಗ್ನದ ದಿನಾನ ಗೊತ್ತಾಗೇದ್ರಿ. ಅಕ್ಕಿಕಾಳು ಬಿದ್ದಿದ್ದಕ್ಕ ಬೆಚ್ಚಿ ಬಿದ್ದಿದ್ರಿ,” ಅಂದಳು ನಾಗವ್ವ. ಸುತ್ತಿದ ರುಮಾಲನ್ನು ಬಿಚ್ಚಿ ಮತ್ತೆ ಮೊದಲಿನಿಂದ ಸುತ್ತಿದಳು. “ಬ್ಯಾಡ ಅಂದ್ರ ಬ್ಯಾಡ. ನಾಳಿಂದ ನಳಕ್ಕ ಕಡೀಕ ನಿಂತರಾತು, ಅದೇನು ನನಗ ಹೊಸಾದಲ್ಲ.”

ಅವಳು ಬೈದಿದ್ದರೆ ಗೂಳಪ್ಪ ಉಳಿದುಬಿಡುತ್ತಿದ್ದ. ಹೀಗೆ ಹೇಳಿದ್ದಕ್ಕೆ ಅವನಿಗೆ ಹೋಗಲೇಬೇಕಾಯಿತು. ಇಷ್ಟಲಿಂಗವನ್ನು ಎದೆಗೆ ಒತ್ತಿ ಹಿಡಿದುಕೊಂಡು ಹೊಸ್ತಿಲು ದಾಟಿದ.

ಸರ್ಕಸ್ಸಿನ ಡೇರೆಯ ಹಿಂದೆ, ಗಾಲಿಗಳ ಮೇಲೆ ನಿಂತ ಬೋನಿನಲ್ಲಿ ಹುಲಿ ಮಲಗಿತ್ತು. ಗೂಳಪ್ಪ ಜನ್ಮದಲ್ಲಿ ಹುಲಿ ನೋಡಿದವನಲ್ಲ. ಇಷ್ಟು ವರ್ಷ ತಾನು ಗೇಣು ಗೇಣಾಗಿ ಬೆಳೆಸಿದ್ದ ಹುಲಿಗಿಂತ ಇದು ದೊಡ್ಡದಿತ್ತು. ಅದರ ವಾಸನೆ ಮೂಗಿಗೆ ಬಡಿಯಿತು. ಬೆನ್ನು ಸರಳಿಗೆ ಒತ್ತಿಕೊಂಡಿತ್ತು, ಒಂದು ಕಿವಿ ಎರಡು ಸರಳುಗಳ ನಡುವೆ ಹೊರಗೆ ಚಾಚಿತ್ತು.

“ಘಾಬರೂ ನಕಾ, ಸಾಹೇಬ,” ಎಂದು ಹುಲಿ ಆಡಿಸುವ ಪ್ರಲ್ಹಾದ ಮರಾಠಿಯಲ್ಲಿ ಧೈರ್ಯ ಹೇಳಿದ. “ಆಟದ ದಿನ ಅದಕ್ಕೆ ಮುಂಜಾನೆಯಿಂದ ಏನೂ ಹಾಕುವುದಿಲ್ಲ. ಆಟ ಮುಗಿದ ಮೇಲೆಯೇ ಊಟ.”

ಈ ಮಾತಿನಿಂದ ಧೈರ್ಯ ಹೇಗೆ ಬರಬೇಕೆಂದು ಗೂಳಪ್ಪನಿಗೆ ತಿಳಿಯಲಿಲ್ಲ.

ವಾಡೆಯ ಮಂದಿ ಅರ್ಧಚಂದ್ರವಾಗಿ ನಿಂತರು, ಎಲ್ಲರಿಗಿಂತ ಮುಂದೆ ಸಿದ್ದಲಿಂಗಪ್ಪ. ಒಂದು ಬದಿಗೆ ಸಾವಂತ್ರವ್ವ ಕೈಕಟ್ಟಿ ನಿಂತು ಗೂಳಪ್ಪನ ಕಾಲುಗಳನ್ನೇ ನೋಡುತ್ತಿದ್ದಳು. ಗೂಳಪ್ಪ ಒಂದು ಹೆಜ್ಜೆ ಇಟ್ಟ. ಮತ್ತೊಂದು ಇಟ್ಟ. ಬೋನಿನ ಗಾಲಿಯ ಪಕ್ಕಕ್ಕೆ ಬಂದ. ಹುಲಿಯ ಹೊಟ್ಟೆ ಏರಿ ಇಳಿಯುವುದು ಕಂಡಿತು. ಆಗ ಅವನೊಳಗಿನ ಮಾನ, ಮರ್ಯಾದೆ, ನಳ ಎಲ್ಲ ಒಮ್ಮೆಲೇ ಕರಗಿ ನೀರಾದವು. ಕೊಡ ಕಡೆಗಿದ್ದರೆ ಇರಲಿ, ಕೈ ಮೊದಲಿನ ಜಾಗದಲ್ಲಿರಲಿ! ತಿರುಗಿ ಓಡಬೇಕೆಂದು ನಿಶ್ಚಯಿಸಿದ.

ಅದೇ ಗಳಿಗೆಗೆ ಹುಲಿ ತಲೆ ಎತ್ತದೆಯೇ ಒಮ್ಮೆ ಗರ್ಜಿಸಿತು.

ಮುಂದೆ ಆದದ್ದೆಲ್ಲ ಕಣ್ಣು ಮುಚ್ಚಿ ತೆಗೆಯುವುದರೊಳಗೆ ಆಯಿತು. ವಾಡೆಯ ಮಂದಿ ಸಾವಂತ್ರವ್ವನ ಕಣ್ಣಿಗೆ ಅಡ್ಡವಾಗಿ ಚೆಲ್ಲಾಪಿಲ್ಲಿಯಾಗಿ ಓಡಿದರು. ದಿಗಂಬರ ವಕೀಲರು ಹುಲ್ಲಿನ ಬಂಡಿಯ ಕೆಳಗೆ ಹೊಕ್ಕರು. ಸಿದ್ದಲಿಂಗಪ್ಪ “ಅಯ್ಯಯ್ಯೋ ಯವ್ವಾ!” ಎಂದು ಕಿರುಚಿದ್ದು ಮಾತ್ರ ಕೇಳಿಸಿತು, ಅವನು ಎಲ್ಲಿ ಹೋದನೋ ಯಾರೂ ನೋಡಲಿಲ್ಲ. ಎಲ್ಲರಿಗಿಂತ ಮೊದಲು ಓಡಿದವನು ಗೂಳಪ್ಪ. ಆದರೆ ಲಗ್ನದ ಧೋತರದ ಉದ್ದನೆಯ ಅಂಚು ಬೋನಿನ ಗಾಲಿಯ ಕೀಲಿಗೆ ಸಿಕ್ಕಿತ್ತು. ಧೋತರ ಅವನನ್ನು ಹಿಂದಕ್ಕೆ ಜಗ್ಗಿತು. ಬೀಳುವವನು ಸಿಕ್ಕಿದ್ದನ್ನು ಹಿಡಿಯುತ್ತಾನೆ. ಗೂಳಪ್ಪ ಹಿಂದಕ್ಕೆ ಬಿದ್ದು, ಕೈ ಬೀಸಿ, ಏನನ್ನೋ ಗಟ್ಟಿಯಾಗಿ ಹಿಡಿದ. ಅದು ಬೆಚ್ಚಗಿತ್ತು, ಮೆತ್ತಗಿತ್ತು, ಕೂದಲಿತ್ತು.

ಬಿಡಬೇಕೆಂದರೆ ಬೆರಳು ಬಿಚ್ಚಲೊಲ್ಲವು. ಭಯಕ್ಕೆ ಅವು ಕೊಕ್ಕೆಯಂತೆ ಬಿಗಿದಿದ್ದವು. ಕಣ್ಣು ಮುಚ್ಚಿ ಶಿವ ಶಿವ ಎನ್ನುತ್ತ ಸಾವನ್ನು ಕಾದ. ಹುಟ್ಟಿದಾಗಿನಿಂದ ತನ್ನ ಕಿವಿ ಹಿಂಡುವ ಮನುಷ್ಯನನ್ನು ಕಂಡಿರದ ಹುಲಿ ದಿಗಿಲಾಗಿಯೋ ಏನೋ ಮಿಸುಕದೆ ಮಲಗಿತ್ತು. ಕೊನೆಗೆ ಪ್ರಲ್ಹಾದ ಓಡಿಬಂದು ಒಂದೊಂದೇ ಬೆರಳು ಬಿಡಿಸಿ, ಧೋತರ ಹರಿದು, ಅವನನ್ನು ಆಚೆ ಎಳೆದ.

ಹುಲ್ಲಿನ ಬಂಡಿಯ ಕೆಳಗಿಂದ ವಕೀಲರು ಹೊರಬಂದರು. “ಹಿಡದಾ! ನನ್ನ ಕಣ್ಣಾರೆ ನೋಡೇನಿ! ಹುಲಿಗಿವಿ ಬಹಾದ್ದೂರರಿಗೆ ಜಯವಾಗಲಿ!”

ಓಡಿದವರೆಲ್ಲ ತಿರುಗಿ ಬಂದು ಜಯಕಾರ ಹಾಕಿದರು. ಯಾರೋ ಆನೆಯ ಕೊರಳಿನ ಹಾರ ಬಿಚ್ಚಿ ತಂದು ಗೂಳಪ್ಪನಿಗೆ ಹಾಕಿದರು. ಅವನಿಗೆ ಏನೂ ತಿಳಿಯದಾಗಿತ್ತು. ಕೈ ಇದೆ. ಬೆರಳು ಐದೂ ಇವೆ. ಬಿರುದು ಬಂತು, ಜಮೀನು ಬಂತು, ನಳ ಶಾಶ್ವತವಾಗಿ ಬಂತು. ನಗುತ್ತ, ಅಳುತ್ತ ಸಾವಂತ್ರವ್ವನ ಕಾಲಿಗೆ ಬಿದ್ದ.

ಅವಳು ಅವನನ್ನು ಎಬ್ಬಿಸಿ ಬದಿಗೆ ಕರೆದೊಯ್ದಳು. ಅವಳ ಕಣ್ಣು ತುಂಬಿದ್ದವು.

“ನೀ ನಮ್ಮಾಂವ ಅಲ್ಲಪಾ,” ಅಂದಳು.

“ಅವ್ವಾರ! ಕಿವಿ ಹಿಡದೇನಲ್ರಿ!”

“ಅದಕ್ಕ. ನಮ್ಮ ಮನಿತನದಾಗ ಹುಲಿ ಕಿವಿ ಹಿಡದಾಂವ ಯಾವನೂ ಇಲ್ಲ. ಹುಲಿ ಬಂದಾಗ ನಮ್ಮ ಹಿರ್ಯಾ ಗಿಡಾ ಏರಿದಾ. ಬಾದಶಹಾನೂ ಅದ ಗಿಡಾ ಏರಾಕ ಬಂದಾ. ನಮ್ಮಾಂವ ಕೈ ಕೊಟ್ಟು ಮ್ಯಾಲೆ ಎಳಕೊಂಡಾ. ಇಬ್ಬರೂ ಒಂದ ಕೊಂಬಿಮ್ಯಾಲೆ ನಡಗಕೋತ ಕೂತ್ರು. ಇಳಿದ ಮ್ಯಾಲೆ ನಾಚಿಕಿ ಆಗಿ ಇಬ್ಬರೂ ಕೂಡಿ ಆ ಕಥಿ ಕಟ್ಟಿದ್ರು. ಯಾರ ಮುಂದೂ ಹೇಳಬಾರದು ಅಂತ ಕೊಟ್ಟಿದ್ದು ಈ ಬಿರುದು. ಅಂದಿನಿಂದ ನಮ್ಮ ಮನ್ಯಾಗ ಬಿರುದು ತಗೊಳ್ಳೋ ಹುಡುಗನ್ನ ಹುಲಿ ಮುಂದ ನಿಲ್ಲಸ್ತಾರ. ಓಡಿದಾ ಅಂದ್ರ ನಮ್ಮಾಂವ, ಬದುಕ್ತಾನ, ಮನಿ ಉಳಸ್ತಾನ.”

“ಮತ್ತ ನಿಮ್ಮ ಯಜಮಾನ್ರು...”

“ಚಿಕ್ಕಂದಿನಾಗ ತಾಯಿ ತಂದಿ ಕಳಕೊಂಡಿದ್ರು. ಅವರಿಗೆ ಯಾರೂ ಖರೇ ಹೇಳಲಿಲ್ಲ, ನನಗೂ ಅವರು ಹೋದ ಮ್ಯಾಲೆನ ಮನ್ಯಾನ ಹಿರೇರು ಹೇಳಿದ್ರು. ಕಥಿ ನಂಬಿದ್ರು. ಲಗ್ನ ಆದ ವರ್ಷಾನ ಕಾಡಿಗೆ ಹೋಗಿ ಖರೇ ಹುಲಿ ಕಿವಿ ಹಿಡಿದ್ರು.” ಮುದುಕಿ ಸೆರಗಿನಿಂದ ಕಣ್ಣೊರೆಸಿಕೊಂಡಳು. “ಮನ್ಯಾಗ ಅವರೊಬ್ಬರು ಧೈರ್ಯ ಮಾಡಿದ್ರು, ವಂಶಾನ ಮುಗೀತು. ಇನ್ನೊಬ್ಬ ಧೈರ್ಯದಾಂವ ನನಗ ಬ್ಯಾಡ. ನನಗ ಬದುಕೋ ಮಗಾ ಬೇಕು. ಮುಂಜಾನೆ ನಿನ್ನ ಕೈ ನಡಗೋದು ನೋಡಿ ಎಷ್ಟು ಆಸೆ ಆಗಿತ್ತು!”

“ನಾ ಓಡಿಹೊಂಟಿದ್ದೆರಿ, ಅವ್ವಾರ!” ಗೂಳಪ್ಪ ಹೌಹಾರಿ ಕೂಗಿದ. “ಎಲ್ಲಾರಿಗಿಂತ ಮೊದಲ ಓಡೇನಿ! ಧೋತರ ಸಿಕ್ಕಿತ್ತರಿ! ನನ್ನಂಥ ಪುಕ್ಕಲ ಈ ಪುಣೇದಾಗ ಇನ್ನೊಬ್ಬ ಇಲ್ರಿ! ಹಲ್ಲಿಗೆ ಅಂಜತೇನ್ರಿ! ಬೆಕ್ಕಿಗೆ ಅಂಜತೇನ್ರಿ! ನನ್ನ ಹೆಂಡತೀನ ಕೇಳ್ರಿ!”

ಜನ್ಮದಲ್ಲಿ ಮೊದಲ ಸಲ ಅವನು ತನ್ನ ಬಗ್ಗೆ ಪೂರಾ ಸತ್ಯ ಹೇಳಿದ್ದ. ಸುತ್ತಲಿನವರು ಎಷ್ಟು ವಿನಯ, ಎಷ್ಟು ವಿನಯ ಎಂದು ತಲೆದೂಗಿದರು.

“ನನ್ನ ಗಂಡನೂ ಹಿಂಗ ವಿನಯ ಮಾಡತಿದ್ರು,” ಎಂದು ಸಾವಂತ್ರವ್ವ ನಿಟ್ಟುಸಿರು ಬಿಟ್ಟಳು.

ಅಷ್ಟರಲ್ಲಿ ಆಕಾಶದ ಕಡೆಯಿಂದ ದನಿ ಬಂತು. “ಏಣಿ ತರ್ರೋ! ಹುಲಿ ಹೋತೇನ್ರೋ? ಏಣಿ ತರ್ರೋ ಯಾರರೆ!”

ಎಲ್ಲರೂ ಮೇಲೆ ನೋಡಿದರು. ಡೇರೆಯ ಮುಖ್ಯ ಕಂಬದ ತುತ್ತತುದಿಯಲ್ಲಿ, ಸರ್ಕಸ್ಸಿನ ಬಾವುಟವನ್ನು ತಬ್ಬಿಕೊಂಡು ಸಿದ್ದಲಿಂಗಪ್ಪ ಅಳುತ್ತಿದ್ದ. ಮೀಸೆ ಕಣ್ಣೀರಿಗೆ ತೊಯ್ದಿತ್ತು.

ಸಾವಂತ್ರವ್ವನ ಮುಖ ದೀಪ ಹಚ್ಚಿದಂತಾಯಿತು.

“ಅಲ್ಲಿ ಮ್ಯಾಲಿದ್ದಾಂವ ಯಾರು?” ಅಂದಳು. “ವಕೀಲರ, ರಕ್ತಸಂಬಂಧ ಇಲ್ಲದಿದ್ರೂ ನಡೀತದ ಅಂದ್ರಿ, ಹೌದಲ್ಲೋ?”

“ಕಾಯದೆಪ್ರಕಾರ ಅಡ್ಡಿ ಇಲ್ರಿ. ಆದರ ಈ ಗೂಳಪ್ಪ...”

“ನಮ್ಮ ಮನಿತನದ ಗುರುತು ಈತನಲ್ಲಿ ಇಲ್ಲ. ಆತನಲ್ಲಿ ಅದ. ಇಳಸ್ರಿ ನನ್ನ ಮಗನ್ನ, ಸಾವಕಾಶ, ಬಿದ್ದಾನು!”

ಮಂದಿ ಗುಜುಗುಜು ಶುರು ಮಾಡಿದರು. ಆಮೇಲೆ ಯಾರೋ ಅಂದರು, “ಅಂದರ ಗೂಳಪ್ಪ ಆ ರಕ್ತದಾಂವ ಅಲ್ಲ!” ಇನ್ನೊಬ್ಬರು ಅಂದರು, “ಹಂಗಾದ್ರ ಇಷ್ಟು ವರ್ಷ ಸುಳ್ಳು ಹೇಳಿ ನೀರು ತುಂಬ್ಯಾನ!” ಹುಲಿಯ ಮಾತು ಅಲ್ಲಿಗೆ ಮರೆತುಹೋಯಿತು, ನೀರಿನ ಮಾತು ಉಳಿಯಿತು. ಆನೆಯ ಹಾರ ಗೂಳಪ್ಪನ ಕೊರಳಿನಿಂದ ಸಿದ್ದಲಿಂಗಪ್ಪನ ಕೊರಳಿಗೆ ಹೋಯಿತು. ಮರದ ಕತೆ ಹೇಳಿಬಿಡಲೇ ಎಂದು ಗೂಳಪ್ಪನಿಗೆ ಅನಿಸಿತು. ಆದರೆ ಅದನ್ನು ಸೋತವನ ಹೊಟ್ಟೆಕಿಚ್ಚು ಎನ್ನದೆ ಇನ್ನೇನೆಂದಾರು?

ಸಂಜೆ ನೀರು ಬಂದಾಗ ನಳದ ಕೆಳಗೆ ಕಾಶವ್ವನ ಕೊಡ ಮೊದಲು. ಸಾಲಿನ ಕೊನೆಯಲ್ಲಿ ಗೂಳಪ್ಪ ತಾನೇ ಕೊಡ ಹಿಡಿದು ನಿಂತಿದ್ದ, ನಾಗವ್ವನನ್ನು ಇವತ್ತೊಂದು ದಿನ ಅಲ್ಲಿ ನಿಲ್ಲಿಸಲು ಮನಸ್ಸು ಬಂದಿರಲಿಲ್ಲ. ಕೈಗೆ ಹತ್ತಿದ ಹುಲಿಯ ವಾಸನೆ ಎಷ್ಟು ತೊಳೆದರೂ ಹೋಗಿರಲಿಲ್ಲ. ಕಟ್ಟೆಯ ಮೇಲೆ ಹೊಸ ಬಹಾದ್ದೂರ ಸಿದ್ದಲಿಂಗಪ್ಪ ಒಣಗಿದ ಮೀಸೆ ತಿರುವುತ್ತ ಕೂತಿದ್ದ.

“ಕಂಬಾ ಯಾಕ ಏರಿದೆ ಅಂತೀರೇನು? ಕೆಳಗ ನಿಂತು ಒಂದು ಕಿವಿ ಯಾರರೆ ಹಿಡೀತಾರ್ರಿ. ಮ್ಯಾಲಿಂದ ಎರಗಿ ಎರಡೂ ಕಿವಿ ಹಿಡೀಬೇಕಂತ ಏರಿದ್ದೆ. ಅಷ್ಟರಾಗ ಹುಲಿ ನನ್ನ ನೋಡಿ ಅಲ್ಲೇ ಥಂಡಾ ಆತು. ಅಬಬಬ, ಏನ್ ಹುಲಿ ಅದು, ಈ ಅಂಗಳದಷ್ಟ ಇತ್ತು.” ಸಾಲಿನ ಕೊನೆಗೆ ಕಣ್ಣು ಹಾಯಿಸಿದ. “ಹೌದಲ್ಲೋ ಗೂಳಪ್ಪಾ? ನೀನೂ ಅಲ್ಲೇ ಇದ್ದೆಲ್ಲ?”

ಎಲ್ಲರೂ ಗೂಳಪ್ಪನ ಕಡೆ ತಿರುಗಿದರು. ಅವನ ಎದೆ ಬೋನಿನ ಮುಂದೆ ಬಡಿದಂತೆಯೇ ಬಡಿಯಿತು.

“ಹೌದ್ರಿ, ಬಹಾದ್ದೂರ್ರ,” ಅಂದ.

ಅಷ್ಟರಲ್ಲಿ ಅವನ ಸರದಿ ಬಂತು. ಕೊಡ ಇಟ್ಟ. ನಳ ಗೊರಗೊರ ಎಂದು ನಿಂತುಹೋಯಿತು.